ಸಂತ್ರಸ್ತೆಯ ವಯಸ್ಸಿನ ರುಜುವಾತು

ಲೈಂಗಿಕ ಅಪರಾಧದ ಮೊಕದ್ದಮೆಯಲ್ಲಿ, ಘಟನೆ ನಡೆದ ದಿನ ಸಂತ್ರಸ್ತೆಗೆ 18 ವರ್ಷ ತುಂಬಿರಲಿಲ್ಲ ಎಂಬುದನ್ನು ಪ್ರಾಸಿಕ್ಯೂಷನ್ ಸಾಕ್ಷ್ಯದಿಂದ ಸ್ಥಾಪಿಸಬೇಕಾದ ಕ್ರಮ. 2012ರ ನವೆಂಬರ್ 14ರಂದು ಜಾರಿಗೆ ಬಂದ ಪೋಕ್ಸೊ ಕಾಯ್ದೆಯ ಪ್ರಕಾರ 18 ತುಂಬದ ಹುಡುಗಿ, ಹುಡುಗ ಇಬ್ಬರೂ ಮಕ್ಕಳೇ. ಅವರ ಸಮ್ಮತಿಗೆ ಕಾನೂನಿನಲ್ಲಿ ಬೆಲೆಯಿಲ್ಲ. ಆದ್ದರಿಂದ ಹದಿನಾರು-ಹದಿನೇಳರ ಆಸುಪಾಸಿನ ಪ್ರಕರಣಗಳಲ್ಲಿ ಒಂದು ಜನ್ಮದಿನಾಂಕದ ಮೇಲೆ ಇಡೀ ಮೊಕದ್ದಮೆ ನಿಂತಿರುತ್ತದೆ. ಹೈಕೋರ್ಟು, ಸುಪ್ರೀಂ ಕೋರ್ಟುಗಳ ಮೇಲ್ಮನವಿಗಳಲ್ಲಿ ಶಿಕ್ಷೆ ರದ್ದಾಗಲು ಪದೇ ಪದೇ ಕಾರಣವಾಗುವುದೂ ಆ ದಿನಾಂಕವೇ.

ಸಮ್ಮತಿಯ ವಯಸ್ಸು 1860ರ ದಂಡ ಸಂಹಿತೆಯಲ್ಲಿ 10 ಆಗಿತ್ತು. ಕಲ್ಕತ್ತೆಯ ಫೂಲ್‌ಮಣಿ ದಾಸಿ ಎಂಬ ಬಾಲಕಿ ಗಂಡನ ಬಲಾತ್ಕಾರದಿಂದ ಸತ್ತಳು. ಆಕೆಗೆ 10 ದಾಟಿತ್ತೆಂಬ ಕಾರಣಕ್ಕೆ ಅತ್ಯಾಚಾರದ ಆರೋಪ ನಿಲ್ಲಲಿಲ್ಲ. ಇದರಿಂದ ಎದ್ದ ಆಕ್ರೋಶದ ನಡುವೆ 1891ರಲ್ಲಿ ವಯಸ್ಸನ್ನು 12ಕ್ಕೆ ಏರಿಸಲಾಯಿತು. 1925ರಲ್ಲಿ ಅದು 14, 1949ರಲ್ಲಿ 16 ಆಯಿತು.

ವಯಸ್ಸನ್ನು ಹೇಗೆ ನಿರ್ಧರಿಸಬೇಕೆಂದು ಪೋಕ್ಸೊ ಕಾಯ್ದೆ ವಿವರಿಸುವುದಿಲ್ಲ. ವಿಶೇಷ ನ್ಯಾಯಾಲಯ ಅದನ್ನು ನಿರ್ಧರಿಸಿ ಕಾರಣಗಳನ್ನು ಬರೆದಿಡಬೇಕೆಂದು ಸೆಕ್ಷನ್ 34 ಹೇಳುತ್ತದೆ, ಅಷ್ಟೆ. ಕಾನೂನಿನೊಡನೆ ಸಂಘರ್ಷಕ್ಕೆ ಬಂದ ಬಾಲಕರಿಗಾಗಿ ಮಾಡಿದ ನಿಯಮಗಳನ್ನೇ ಸಂತ್ರಸ್ತೆಗೂ ಅನ್ವಯಿಸಬೇಕೆಂದು ಹರಿಯಾಣದ ಮೇಲ್ಮನವಿಯೊಂದರಲ್ಲಿ ಸುಪ್ರೀಂ ಕೋರ್ಟು 2013ರಲ್ಲಿ ತೀರ್ಮಾನಿಸಿತು. ಈಗ 2015ರ ಬಾಲ ನ್ಯಾಯ ಕಾಯ್ದೆಯ ಸೆಕ್ಷನ್ 94 ಆ ಸ್ಥಾನದಲ್ಲಿದೆ. ಅದರಂತೆ ಶಾಲೆಯ ಜನ್ಮದಿನಾಂಕ ಪ್ರಮಾಣಪತ್ರ ಅಥವಾ ಪರೀಕ್ಷಾ ಮಂಡಳಿಯ ಎಸ್‌ಎಸ್‌ಎಲ್‌ಸಿ ಮಟ್ಟದ ಪ್ರಮಾಣಪತ್ರಕ್ಕೆ ಮೊದಲ ಸ್ಥಾನ. ಅದಿಲ್ಲದಿದ್ದರೆ ನಗರಪಾಲಿಕೆ, ಪುರಸಭೆ ಅಥವಾ ಪಂಚಾಯಿತಿ ಕೊಟ್ಟ ಜನನ ಪ್ರಮಾಣಪತ್ರ. ಎರಡೂ ಇಲ್ಲದಾಗ ಮಾತ್ರ ಮೂಳೆ ಪರೀಕ್ಷೆ. ಆಧಾರ್ ಕಾರ್ಡಿಗೆ ಈ ಸಾಲಿನಲ್ಲಿ ಜಾಗವಿಲ್ಲ.

ಕಾಗದ ಇದೆ ಎಂದ ಮಾತ್ರಕ್ಕೆ ವಯಸ್ಸು ರುಜುವಾತಾಗುವುದಿಲ್ಲ. ಹಳ್ಳಿಯ ಪ್ರಾಥಮಿಕ ಶಾಲೆಯ ದಾಖಲಾತಿ ರಿಜಿಸ್ಟರ್ ತೆರೆದು ನೋಡಿದವರಿಗೆ ಇದರ ಕಷ್ಟ ಗೊತ್ತು. ಒಂದೇ ವರ್ಷ ಸೇರಿದ ಎಷ್ಟೋ ಮಕ್ಕಳ ಹೆಸರಿನ ಮುಂದೆ ಜೂನ್ 1 ಎಂದೇ ಇರುತ್ತದೆ. ಮಗುವನ್ನು ಒಂದನೇ ತರಗತಿಗೆ ಸೇರಿಸಲು ಬೇಕಾದ ವಯಸ್ಸು ಹೊಂದುವಂತೆ ಅಂದಿನ ಮೇಷ್ಟ್ರು ಬರೆದುಕೊಂಡ ದಿನಾಂಕ ಅದು. ಜೋಧಪುರದ ಚುನಾವಣಾ ತಕರಾರಿನಲ್ಲಿ ಸುಪ್ರೀಂ ಕೋರ್ಟು 1988ರಲ್ಲಿ ಎತ್ತಿದ ಪ್ರಶ್ನೆ ಇದೇ: ದಿನಾಂಕ ಹೇಳಿದವರು ಯಾರು, ಯಾವ ಆಧಾರದ ಮೇಲೆ ಬರೆಸಿದರು? ಅದು ತಿಳಿಯದ ಹೊರತು ರಿಜಿಸ್ಟರು ಸಾಕ್ಷ್ಯವಾಗಿ ಒಳಗೆ ಬಂದರೂ ತೂಕವಿರುವುದಿಲ್ಲ. ತಮಿಳುನಾಡಿನ 2011ರ ಪ್ರಕರಣದಲ್ಲಿ ಮುಖ್ಯೋಪಾಧ್ಯಾಯರ ಸಾಕ್ಷ್ಯವೇ ಆಗಿರಲಿಲ್ಲ, ವರ್ಗಾವಣೆ ಪತ್ರದ (ಟಿ.ಸಿ.) ದಿನಾಂಕವನ್ನು ಕೋರ್ಟು ನಂಬಲಿಲ್ಲ. ಅದೇ ರಾಜ್ಯದ 2023ರ ಮೇಲ್ಮನವಿಯಲ್ಲಿ, ವರ್ಗಾವಣೆ ಪತ್ರ ಸೆಕ್ಷನ್ 94 ಕೇಳುವ ದಾಖಲೆಯೇ ಅಲ್ಲ ಎಂದು ತೀರ್ಪಾಯಿತು.

ಮೂಳೆ ಪರೀಕ್ಷೆಯಲ್ಲಿ ಮಣಿಕಟ್ಟು, ಮೊಣಕೈ, ಭುಜ, ಸೊಂಟದ ಎಕ್ಸ್‌-ರೇ ತೆಗೆದು, ಎಲುಬಿನ ತುದಿಗಳು ಎಷ್ಟರಮಟ್ಟಿಗೆ ಬೆಸೆದುಕೊಂಡಿವೆ ಎಂದು ನೋಡುತ್ತಾರೆ. ಪೋಷಣೆ, ಅನುವಂಶೀಯತೆಗಳಿಂದ ಈ ಬೆಸುಗೆ ಹಿಂದುಮುಂದಾಗುತ್ತದೆ. ಹಾಗಾಗಿ ವೈದ್ಯರು ಕೊಡುವುದು ಅಂದಾಜು: 16ರಿಂದ 17, ಅಥವಾ 17ರಿಂದ 18. ಇದರಲ್ಲಿ ಎರಡು ವರ್ಷದ ವ್ಯತ್ಯಾಸ ಇತ್ತ ಅತ್ತ ಇರಬಹುದೆಂದು ಸುಪ್ರೀಂ ಕೋರ್ಟು 1982ರಲ್ಲೇ ಗುರುತಿಸಿದೆ. ತಾನು ಬಾಲಕ ಎನ್ನುವ ಆರೋಪಿಗೆ ಈ ವ್ಯತ್ಯಾಸವನ್ನು ಕೆಳಮುಖವಾಗಿ ಹಿಡಿದರೆ ಅನುಕೂಲ. ಸಂತ್ರಸ್ತೆ ವಯಸ್ಕಳು ಎನ್ನುವ ಆರೋಪಿಗೆ ಮೇಲ್ಮುಖವಾಗಿ. ಹಿಮಾಚಲ ಪ್ರದೇಶದ ಮೇಲ್ಮನವಿಯಲ್ಲಿ 2018ರಲ್ಲಿ, ವರದಿ 17ರಿಂದ 18 ಎಂದಿದ್ದುದರಿಂದ ಸಂಶಯದ ಲಾಭ ಆರೋಪಿಗೆ ಸಿಕ್ಕಿತು. ಪೋಕ್ಸೊ ಪ್ರಕರಣಗಳಲ್ಲಿ ವರದಿಯ ಗರಿಷ್ಠ ವಯಸ್ಸನ್ನೇ ತೆಗೆದುಕೊಂಡು, ಅದಕ್ಕೆ ಎರಡು ವರ್ಷದ ವ್ಯತ್ಯಾಸವನ್ನೂ ಸೇರಿಸಬೇಕೆಂದು ದೆಹಲಿ ಹೈಕೋರ್ಟಿನ ವಿಭಾಗೀಯ ಪೀಠ 2024ರ ಜುಲೈನಲ್ಲಿ ಹೇಳಿತು. ಹಾಗೆ ಎಣಿಸಿದರೆ ನಿಜಕ್ಕೂ ಹದಿನಾರರ ಹುಡುಗಿ ಕೂಡ ಕಾಯ್ದೆಯ ರಕ್ಷಣೆಯಿಂದ ಹೊರಬೀಳಬಹುದು. ಸಂಶಯದ ಲಾಭದ ತತ್ತ್ವ ಸರಿಯಾದುದೇ. ಆದರೆ ತನಿಖೆ ಸೋಮಾರಿಯಾದಾಗ ಅದರ ಬೆಲೆ ತೆರುವವಳು ಮಗು.

ಪೋಕ್ಸೊ ಸೆಕ್ಷನ್ 29 ಆರೋಪಿಯ ವಿರುದ್ಧ ಪೂರ್ವಭಾವನೆ ಮಾಡಿಕೊಳ್ಳಬೇಕೆಂದು ಹೇಳುತ್ತದಲ್ಲ ಎಂದು ಕೇಳಬಹುದು. ಆ ಪೂರ್ವಭಾವನೆ ಹುಟ್ಟುವ ಮೊದಲು ಮೂಲ ಸಂಗತಿಗಳನ್ನು ಪ್ರಾಸಿಕ್ಯೂಷನ್ ರುಜುವಾತುಪಡಿಸಬೇಕು, ಅವುಗಳಲ್ಲಿ ವಯಸ್ಸೇ ಮೊದಲನೆಯದು ಎಂಬುದು ಹೈಕೋರ್ಟುಗಳ ನಿಲುವು. ಅಂದಾಜು ವಯಸ್ಸಿನ ಮೇಲೆ ಶಿಕ್ಷೆ ನಿಲ್ಲಲಾರದೆಂದು ಸುಪ್ರೀಂ ಕೋರ್ಟು ಹೇಳಿಯಾಗಿದೆ.

ವಯಸ್ಸು ರುಜುವಾತಾಗದಿದ್ದರೆ ಆರೋಪಿ ತಾನಾಗಿ ಬಿಡುಗಡೆಯಾಗುತ್ತಾನೆ ಎಂಬುದು ತಪ್ಪು ತಿಳಿವಳಿಕೆ. ಪೋಕ್ಸೊ ಬಿದ್ದುಹೋದರೂ, ಬಲವಂತ ನಡೆದದ್ದು ಸಂತ್ರಸ್ತೆಯ ಮಾತಿನಿಂದ ಸ್ಪಷ್ಟವಾದರೆ ಅತ್ಯಾಚಾರದ ಅಪರಾಧ ಉಳಿಯುತ್ತದೆ. ವಿಚಾರಣೆ ಸಮ್ಮತಿಯ ಪ್ರಶ್ನೆಯತ್ತ ತಿರುಗುತ್ತದೆ. ಅವಳು ಒಪ್ಪಿ ಹೋಗಿದ್ದಳೆಂದು ಸಾಕ್ಷ್ಯ ತೋರಿಸುವ ಪ್ರಕರಣಗಳಲ್ಲಿ ಮಾತ್ರ ವಯಸ್ಸಿನ ಸಂಶಯ ಪೂರ್ತಿ ಖುಲಾಸೆಗೆ ದಾರಿ ಮಾಡುತ್ತದೆ. ಖುಲಾಸೆಯ ವಿರುದ್ಧ ಸರ್ಕಾರ ಮೇಲ್ಮನವಿ ಹೋದಾಗ ತಡೆ ಇನ್ನೂ ಎತ್ತರ: ಎರಡು ಅಭಿಪ್ರಾಯಗಳು ಸಾಧ್ಯವಿದ್ದಲ್ಲಿ ಖುಲಾಸೆಯನ್ನು ಕದಲಿಸಬಾರದೆಂಬ ತತ್ತ್ವಕ್ಕೆ ಇಂದಿಗೂ ಆಧಾರವಾಗಿ ಬಳಸುವುದು ಕರ್ನಾಟಕದಿಂದ ಹೋದ 2007ರ ಮೇಲ್ಮನವಿಯ ತೀರ್ಪನ್ನು. ಮರೆತ ದಾಖಲೆಯನ್ನು ಮೇಲ್ಮನವಿಯ ಹಂತದಲ್ಲಿ ಹೆಚ್ಚುವರಿ ಸಾಕ್ಷ್ಯವಾಗಿ ತರಿಸಿಕೊಳ್ಳುವ ಅಧಿಕಾರ ನ್ಯಾಯಾಲಯಕ್ಕಿದೆ. ಆದರೂ ಅದು ತನಿಖೆಯ ಲೋಪ ತುಂಬುವ ಸಾಧನವಾಗಬಾರದು ಎಂಬ ಎಚ್ಚರ ತೀರ್ಪುಗಳಲ್ಲಿ ಇದ್ದೇ ಇದೆ. ಮೊದಲ ವಾರದಲ್ಲೇ ತನಿಖಾಧಿಕಾರಿ ಶಾಲೆಗೆ ಹೋಗಿ ಮೂಲ ರಿಜಿಸ್ಟರ್ ವಶಪಡಿಸಿಕೊಂಡು, ಜನನ ನೋಂದಣಿಯ ನಕಲು ಪಡೆದಿದ್ದರೆ ಇಂಥ ಎಷ್ಟೋ ವಾದಗಳು ಹುಟ್ಟುತ್ತಲೇ ಇರಲಿಲ್ಲ.

ಹದಿಹರೆಯದ ಪ್ರೇಮ ಪ್ರಕರಣಗಳೂ ಪೋಕ್ಸೊ ಕಾಯ್ದೆಯಡಿ ಬರುತ್ತಿರುವುದನ್ನು ಗಮನಿಸಿದ ಕರ್ನಾಟಕ ಹೈಕೋರ್ಟಿನ ಧಾರವಾಡ ಪೀಠ 2022ರ ನವೆಂಬರ್‌ನಲ್ಲಿ, ರಾಜ್ಯ ಸರ್ಕಾರದ ಮೇಲ್ಮನವಿಯೊಂದನ್ನು ವಜಾ ಮಾಡುತ್ತ, ವಯೋಮಿತಿಯನ್ನು ಮರುಚಿಂತಿಸುವಂತೆ ಕಾನೂನು ಆಯೋಗಕ್ಕೆ ಸೂಚಿಸಿತು. 2023ರ ಸೆಪ್ಟೆಂಬರಿನ 283ನೇ ವರದಿಯಲ್ಲಿ ಆಯೋಗ ವಯಸ್ಸು ಇಳಿಸಲು ಒಪ್ಪಲಿಲ್ಲ. 16ರಿಂದ 18ರೊಳಗಿನವರ ಪ್ರಕರಣಗಳಲ್ಲಿ ಶಿಕ್ಷೆ ವಿಧಿಸುವಾಗ ನ್ಯಾಯಾಧೀಶರಿಗೆ ವಿವೇಚನೆ ಇರಲಿ ಎಂದಷ್ಟೇ ಶಿಫಾರಸು ಮಾಡಿತು. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲೂ ಸಮ್ಮತಿಯ ವಯಸ್ಸು 18 ಆಗಿಯೇ ಉಳಿದಿದೆ.