ಆಜ್ಞೆಯೂ ಅನುಪಾಲನೆಯೂ

ಮೂಡಲಪಾಳ್ಯದ ನಮ್ಮ ನೆರೆಯ ಹಿರಿಯರೊಬ್ಬರು, ತಮ್ಮ ನಿವೇಶನದ ಖಾತೆಯ ವಿಷಯವಾಗಿ ಉಚ್ಚ ನ್ಯಾಯಾಲಯದಿಂದ ಪಡೆದ ಆಜ್ಞೆಯ ಪ್ರತಿಯನ್ನು ಕೈಚೀಲದಲ್ಲಿ ಜೋಪಾನವಾಗಿರಿಸಿಕೊಂಡು, ವಿಜಯನಗರದಲ್ಲಿ ಮೆಟ್ರೊ ಹತ್ತಿ ಆ ನ್ಯಾಯಾಲಯವಿರುವ ಅಠಾರಾ ಕಚೇರಿಯ ಕೆಂಪು ಕಟ್ಟಡಕ್ಕೆ ಮರಳಿ ಮರಳಿ ಹೋಗುತ್ತಿದ್ದುದನ್ನು ಕಂಡಂದಿನಿಂದ, ಗೆದ್ದವನೂ ಹೀಗೆ ಅಲೆಯಬೇಕಾದುದೇಕೆಂಬ ಪ್ರಶ್ನೆ ನನ್ನನ್ನು ಬಾಧಿಸುತ್ತಿದೆ. ಅವರ ಖಾತೆಯ ಮನವಿಯನ್ನು ಸಂಬಂಧಪಟ್ಟ ಕಚೇರಿಯು ಮೂರು ತಿಂಗಳೊಳಗೆ ಪರಿಶೀಲಿಸತಕ್ಕದ್ದೆಂದು ಆಜ್ಞೆ. ಆರು ತಿಂಗಳಾದರೂ ಆ ಕಚೇರಿಯಿಂದ ಉತ್ತರವಿಲ್ಲ. ವಕೀಲರು ‘ಸಿ.ಸಿ.ಸಿ. ಹಾಕೋಣ’ ಎಂದರು. ಸಿವಿಲ್ ನ್ಯಾಯಾಂಗ ನಿಂದನೆಯ ಅರ್ಜಿಗೆ ನಮ್ಮ ಉಚ್ಚ ನ್ಯಾಯಾಲಯದ ಪಡಸಾಲೆಗಳಲ್ಲಿರುವ ಹೆಸರು ಅದು.

ಆಜ್ಞೋಲ್ಲಂಘನೆಯನ್ನು ದಂಡಿಸುವ ಅಧಿಕಾರವು ಆಂಗ್ಲರ ನ್ಯಾಯಪದ್ಧತಿಯಿಂದ ನಮಗೆ ಬಂದ ದಾಯ. 1926ರ ಶಾಸನವು ಈ ಅಧಿಕಾರಕ್ಕೆ ಆರು ತಿಂಗಳ ಸಾದಾ ಸೆರೆ, 2,000 ರೂಪಾಯಿ ದಂಡ ಎಂಬ ಮಿತಿಯನ್ನು ವಿಧಿಸಿತು. ಮೈಸೂರು ಮೊದಲಾದ ಸಂಸ್ಥಾನಗಳಲ್ಲಿ ಪ್ರತ್ಯೇಕ ಶಾಸನಗಳಿದ್ದು, 1952ರ ಕಾಯಿದೆಯಲ್ಲಿ ಅವು ಲೀನವಾದುವು. ಸಂವಿಧಾನವು 129 ಮತ್ತು 215ನೆಯ ವಿಧಿಗಳಿಂದ ಈ ಅಧಿಕಾರವನ್ನು ಸರ್ವೋಚ್ಚ ಹಾಗೂ ಉಚ್ಚ ನ್ಯಾಯಾಲಯಗಳಲ್ಲಿ ಸ್ಥಿರಗೊಳಿಸಿತಾದರೂ, ನಿಂದನೆಯೆಂದರೆ ಏನೆಂಬ ನಿರ್ವಚನ ಎಲ್ಲಿಯೂ ಇರಲಿಲ್ಲ. 1961ರಲ್ಲಿ ನೇಮಕಗೊಂಡ ಸನ್ಯಾಲ್ ಸಮಿತಿಯ ವಿಚಾರಣೆಯ ಫಲವಾಗಿ ಮೂಡಿದ 1971ರ ಅಧಿನಿಯಮವು, ನ್ಯಾಯಾಲಯದ ಗೌರವಕ್ಕೆ ಕುಂದು ತರುವ ಕ್ರಿಮಿನಲ್ ನಿಂದನೆಯನ್ನೂ ಆಜ್ಞೆಯ ಉದ್ದೇಶಪೂರ್ವಕ ಉಲ್ಲಂಘನೆಯೆಂಬ ಸಿವಿಲ್ ನಿಂದನೆಯನ್ನೂ ಬೇರ್ಪಡಿಸಿತು. ದಂಡ ಮಾತ್ರ ಅಂದಿನ 2,000 ರೂಪಾಯಿಯೇ! 1926ರಲ್ಲಿ ಮನೆಯೊಂದನ್ನೇ ಅಲುಗಿಸಬಲ್ಲ ಮೊತ್ತವಾಗಿದ್ದುದು ಇಂದು ಯಾವ ಅಧಿಕಾರಿಯ ಸಂಬಳದಲ್ಲಿ ತಾನೇ ಗುರುತು ಮೂಡಿಸೀತು?

ಸೆರೆಯ ಭಯ ಬರಿಯ ಅಕ್ಷರವಲ್ಲವೆಂದು ತೋರಿದ್ದು 1995ರಲ್ಲಿ. ಬೆಂಗಳೂರು ಮಹಾನಗರಪಾಲಿಕೆಯ ಎಂಜಿನಿಯರೊಬ್ಬರ ಬಡ್ತಿಯ ಕುರಿತಾದ ಆಜ್ಞೆಯನ್ನು ಪಾಲಿಸಲಿಲ್ಲವೆಂದು, ರಾಜ್ಯ ಸರ್ಕಾರದ ಕಾರ್ಯದರ್ಶಿಯಾಗಿದ್ದ ಜೆ. ವಾಸುದೇವನ್ ಅವರಿಗೆ ಸರ್ವೋಚ್ಚ ನ್ಯಾಯಾಲಯವು ಒಂದು ತಿಂಗಳ ಸೆರೆವಾಸ ವಿಧಿಸಿತು. 2002ರಲ್ಲಿ ಕಾವೇರಿ ನೀರಿನ ಆಜ್ಞೆಯ ಪ್ರಸಂಗದಲ್ಲಿ ಮುಖ್ಯಮಂತ್ರಿ ಎಸ್.ಎಂ. ಕೃಷ್ಣ ಅವರೇ ಬೇಷರತ್ ಕ್ಷಮೆ ಯಾಚಿಸಬೇಕಾಯಿತು. ಇಂಗ್ಲೆಂಡಿನಲ್ಲಿಯೂ, ಮಂತ್ರಿಯಾದವನು ಈ ಅಪರಾಧಕ್ಕೆ ಹೊರತಲ್ಲವೆಂದು ಪ್ರಭುಸಭೆ 1993ರಲ್ಲಿ ತೀರ್ಮಾನಿಸಿತ್ತು.

ಆದರೆ ಸಾಮಾನ್ಯನ ಪಾಲಿಗೆ ಇವೆಲ್ಲಕ್ಕಿಂತ ಹೆಚ್ಚು ನಿರ್ಣಾಯಕವಾದುದು 1996ರ ಪರಿಹಾರ್ ಪ್ರಕರಣದಲ್ಲಿ ನಮ್ಮ ಸರ್ವೋಚ್ಚ ನ್ಯಾಯಾಲಯವಿತ್ತ ತೀರ್ಪೆಂದು ನನ್ನ ಎಣಿಕೆ. ನಿರ್ದೇಶನಾನುಸಾರ ಅಧಿಕಾರಿಯು ಒಂದು ಆದೇಶವನ್ನು ಹೊರಡಿಸಿದ ಬಳಿಕ, ಅದು ತಪ್ಪಾಗಿದ್ದರೂ ಅದನ್ನು ಬೇರೆಯಾಗಿ ಪ್ರಶ್ನಿಸಬೇಕೇ ವಿನಾ ನಿಂದನೆಯ ವಿಚಾರಣೆಯಲ್ಲಿ ಅದರ ಗುಣದೋಷಗಳನ್ನು ತೂಗುವಂತಿಲ್ಲವೆಂಬುದು ಅದರ ತಾತ್ಪರ್ಯ. ಇದು ತರ್ಕಬದ್ಧವೇ, ಶಿಕ್ಷಾಧಿಕಾರದಿಂದ ಹೊಸ ಹಕ್ಕನ್ನು ಸೃಷ್ಟಿಸಲಾಗದು. ಆದರೆ ‘ಪರಿಶೀಲಿಸತಕ್ಕದ್ದು’ ಎಂಬ ಆಜ್ಞೆಯನ್ನು ಪಡೆದವನಿಗೆ ಇದರಿಂದ ಒದಗುವ ಸಂಕಟವನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಸಿ.ಸಿ.ಸಿ.ಯ ನೋಟಿಸು ಕಚೇರಿಗೆ ತಲಪಿದ ಹದಿನೈದು ದಿನಗಳಲ್ಲಿ ನಮ್ಮ ಹಿರಿಯರಿಗೆ ಹಿಂಬರಹವೊಂದು ಬಂದಿತು: ಮನವಿಯನ್ನು ಪರಿಶೀಲಿಸಿ ತಿರಸ್ಕರಿಸಲಾಗಿದೆ. ಆಜ್ಞೆಯ ಅನುಪಾಲನೆಯಾಗಿದೆಯೆಂಬ ಪ್ರಮಾಣಪತ್ರ ಸಲ್ಲಿಕೆಯಾಗಿ, ಸಿ.ಸಿ.ಸಿ. ಅಂದೇ ಮುಕ್ತಾಯಗೊಂಡಿತು. ಈಗ ಅವರ ಕೈಚೀಲದಲ್ಲಿ ಆಜ್ಞೆಯ ಪ್ರತಿಯ ಮೇಲೆ ಆ ಹಿಂಬರಹವೂ, ಅದರ ಮೇಲೆ ಹೊಸ ರಿಟ್ ಅರ್ಜಿಯ ಕರಡೂ ಇವೆ.