ಮಿಸೋರಾ: ಗಾಯಕಿ ದೇಶ ಬಿಟ್ಟರು, ಹಾಡುಗಳು ಉಳಿದವು

‘ಮಿಸೋರಾ’ ಜಪಾನಿನ ಗಾಯಕಿ ಹಾಗೂ ಗೀತರಚನೆಕಾರ್ತಿ ಸಚಿಕೊ ಕಾನೆನೊಬು ಅವರ ಮೊದಲ ಸ್ಟುಡಿಯೋ ಆಲ್ಬಂ. 1972ರಲ್ಲಿ ಬಿಡುಗಡೆಯಾದ ಇದು ಜಪಾನಿ ಫೋಕ್ ರಾಕ್‌ನ ಪ್ರಮುಖ ಕೃತಿಗಳಲ್ಲಿ ಒಂದು. ಜಪಾನಿ ಭಾಷೆಯಲ್ಲಿ ‘ಸೋರಾ’ ಎಂದರೆ ಆಕಾಶ. ಅದರ ಹಿಂದಿರುವ ‘ಮಿ’ ಗೌರವ, ಸೊಬಗು ಸೂಚಿಸುವ ಅಕ್ಷರ.

ತಾವೇ ಹಾಡು ಕಟ್ಟಿ, ಗಿಟಾರ್ ನುಡಿಸುತ್ತ ಹಾಡುವ ಮಹಿಳೆಯರು ಆಗಿನ ಜಪಾನಿನಲ್ಲಿ ತೀರಾ ವಿರಳ. ಆ ದಾರಿ ತೆರೆದ ಮೊದಲಿಗರಲ್ಲಿ ಕಾನೆನೊಬು ಒಬ್ಬರು. ಆದರೆ ಆಲ್ಬಂ ಹೊರಬಂದ ಸಮಯದಲ್ಲೇ ಅವರು ಜಪಾನ್ ಬಿಟ್ಟು ಅಮೆರಿಕಕ್ಕೆ ತೆರಳಿದರು. ಹೀಗಾಗಿ ವೇದಿಕೆ ಏರಿ ಈ ಹಾಡುಗಳನ್ನು ಜನರಿಗೆ ತಲುಪಿಸುವವರೇ ಇಲ್ಲದಂತಾಯಿತು.

ಹಿನ್ನೆಲೆ

ಕಾನೆನೊಬು ಹುಟ್ಟಿದ್ದು 1948ರಲ್ಲಿ, ಒಸಾಕಾದಲ್ಲಿ. ಒಸಾಕಾ, ಕ್ಯೋಟೊ, ಕೋಬೆ ನಗರಗಳಿರುವ ಕಾನ್ಸಾಯ್ ಪ್ರದೇಶ 1960ರ ದಶಕದ ಕೊನೆಯಲ್ಲಿ ಜಪಾನಿ ಫೋಕ್ ಸಂಗೀತದ ದೊಡ್ಡ ನೆಲೆಯಾಗಿತ್ತು. ಇಲ್ಲಿ ಫೋಕ್ ಎಂದರೆ ನಮ್ಮ ಜಾನಪದ ಗೀತೆಗಳಂತಲ್ಲ. ಜಪಾನಿನ ಸಾಂಪ್ರದಾಯಿಕ ಜನಪದ ಹಾಡುಗಳಿಗೆ ‘ಮಿನ್ಯೋ’ ಎಂಬ ಬೇರೆಯೇ ಹೆಸರಿದೆ. ಅಮೆರಿಕದ ಬಾಬ್ ಡಿಲನ್ ಮೊದಲಾದವರ ಪ್ರಭಾವದಿಂದ ಯುವಕ ಯುವತಿಯರು ಗಿಟಾರ್ ಹಿಡಿದು ಬರೆದ ಹೊಸ ಹಾಡುಗಳೇ ಈ ಫೋಕ್. ವಿಯೆಟ್ನಾಂ ಯುದ್ಧದ ವಿರೋಧ, ವಿದ್ಯಾರ್ಥಿ ಚಳವಳಿಗಳ ಜೊತೆ ಅದು ಬೆಳೆಯಿತು. 1969ರಲ್ಲಿ ಟೋಕಿಯೊದ ಶಿಂಜುಕು ರೈಲು ನಿಲ್ದಾಣದಲ್ಲಿ ಇಂಥ ಹಾಡು ಹಾಡಲು ಸಾವಿರಾರು ಮಂದಿ ಸೇರುತ್ತಿದ್ದರು. ಕೊನೆಗೆ ಪೊಲೀಸರು ಅವರನ್ನು ಚದುರಿಸಿದರು.

ದೊಡ್ಡ ಕಂಪನಿಗಳು ಇಂಥ ಹಾಡುಗಳ ವಿಷಯದಲ್ಲಿ ಹಿಂಜರಿಯುತ್ತಿದ್ದವು. 1968ರಲ್ಲಿ ಫೋಕ್ ಕ್ರುಸೇಡರ್ಸ್ ತಂಡವು ಕೊರಿಯಾದ ವಿಭಜನೆಯ ನೋವನ್ನು ಕುರಿತು ಹಾಡಿದ್ದ ಒಂದು ಹಾಡಿನ ಬಿಡುಗಡೆಯನ್ನು ಕೊನೆ ಗಳಿಗೆಯಲ್ಲಿ ರದ್ದು ಮಾಡಲಾಯಿತು. ಇದಕ್ಕೆ ಉತ್ತರವೆಂಬಂತೆ 1969ರಲ್ಲಿ ಅಂಡರ್‌ಗ್ರೌಂಡ್ ರೆಕಾರ್ಡ್ ಕ್ಲಬ್, ಅಂದರೆ ಯುಆರ್‌ಸಿ ಹುಟ್ಟಿಕೊಂಡಿತು. ಆರಂಭದಲ್ಲಿ ಅದು ಅಂಗಡಿಗಳ ಗೊಡವೆಗೆ ಹೋಗದೆ, ಹಣ ಕಟ್ಟಿದ ಸದಸ್ಯರಿಗೆ ಮಾತ್ರ ಅಂಚೆ ಮೂಲಕ ರೆಕಾರ್ಡ್ ಕಳಿಸುತ್ತಿತ್ತು. ನಂತರ ಅಂಗಡಿಗಳಲ್ಲೂ ಮಾರಾಟ ಶುರುವಾಯಿತು. ‘ಮಿಸೋರಾ’ ಬಂದದ್ದು ಇದೇ ಸಂಸ್ಥೆಯಿಂದ.

ಆಲ್ಬಂನ ಸ್ವರೂಪ

‘ಮಿಸೋರಾ’ ನಿರ್ಮಿಸಿದವರು ಹರುವೊಮಿ ಹೊಸೊನೊ. ಆಗ ಅವರು ‘ಹ್ಯಾಪಿ ಎಂಡ್’ ತಂಡದಲ್ಲಿದ್ದರು. ರಾಕ್ ಸಂಗೀತವನ್ನು ಇಂಗ್ಲಿಷಿನಲ್ಲೇ ಹಾಡಬೇಕೇ, ಜಪಾನಿ ಭಾಷೆ ಅದಕ್ಕೆ ಒಗ್ಗುತ್ತದೆಯೇ ಎಂಬ ಚರ್ಚೆ ಜಪಾನಿನಲ್ಲಿ ಆಗ ಬಿಸಿಯಾಗಿತ್ತು. ಒಗ್ಗುತ್ತದೆ ಎಂಬುದನ್ನು ಹಾಡಿಯೇ ತೋರಿಸಿದ ತಂಡ ಹ್ಯಾಪಿ ಎಂಡ್. ಹೊಸೊನೊ ಮುಂದೆ 1978ರಲ್ಲಿ ‘ಯೆಲ್ಲೋ ಮ್ಯಾಜಿಕ್ ಆರ್ಕೆಸ್ಟ್ರಾ’ ಕಟ್ಟಿ ಎಲೆಕ್ಟ್ರಾನಿಕ್ ಸಂಗೀತದಲ್ಲಿ ಜಗತ್ತಿನ ಗಮನ ಸೆಳೆದರು.

ಚಳವಳಿಯ ನಡುವೆ ಹುಟ್ಟಿದ ಸಂಸ್ಥೆಯಿಂದ ಬಂದರೂ ಈ ಆಲ್ಬಂನಲ್ಲಿ ಘೋಷಣೆಗಳಿಲ್ಲ. ಆಕಾಶ, ಗಾಳಿ, ದೂರವಾಗುವ ಮನಸ್ಸುಗಳಂಥ ಸಂಗತಿಗಳೇ ಇಲ್ಲಿ ಹಾಡಾಗಿವೆ. ಕಾನೆನೊಬು ಅವರ ತೆಳುವಾದ, ನಿರಾಳವಾದ ದನಿ ಮತ್ತು ಬೆರಳಿನಿಂದ ಮೀಟುವ ಅಕೌಸ್ಟಿಕ್ ಗಿಟಾರ್ ಮುಂದೆ ನಿಲ್ಲುತ್ತವೆ. ಉಳಿದ ವಾದ್ಯಗಳು ಅವುಗಳನ್ನು ಮುಚ್ಚದೆ ಹಿಂದಿನಿಂದ ಜೊತೆ ಕೊಡುತ್ತವೆ. ವಿಮರ್ಶಕರು ಅವರನ್ನು ಕೆನಡಾದ ಗಾಯಕಿ ಜೋನಿ ಮಿಚೆಲ್ ಅವರಿಗೆ ಹೋಲಿಸುವುದುಂಟು.

ಅಮೆರಿಕದ ಬದುಕು

ಕಾನೆನೊಬು ಅಮೆರಿಕಕ್ಕೆ ಹೋಗಿ ಪಾಲ್ ವಿಲಿಯಮ್ಸ್ ಅವರನ್ನು ಮದುವೆಯಾದರು. 1966ರಲ್ಲಿ ‘ಕ್ರಾಡ್ಯಾಡಿ’ ಎಂಬ ಪತ್ರಿಕೆ ಆರಂಭಿಸಿ, ರಾಕ್ ಸಂಗೀತ ವಿಮರ್ಶೆಗೆ ಬುನಾದಿ ಹಾಕಿದವರು ವಿಲಿಯಮ್ಸ್. ಹೊಸ ದೇಶದಲ್ಲಿ ಮಕ್ಕಳನ್ನು ಬೆಳೆಸುವುದರಲ್ಲಿ ತೊಡಗಿಕೊಂಡ ಕಾನೆನೊಬು ಹಲವು ವರ್ಷ ಹಾಡುಗಾರಿಕೆಯಿಂದ ದೂರ ಉಳಿದರು.

ಮತ್ತೆ ಹಾಡುವಂತೆ ಅವರನ್ನು ಹುರಿದುಂಬಿಸಿದವರು ವೈಜ್ಞಾನಿಕ ಕಾದಂಬರಿಗಳ ಲೇಖಕ ಫಿಲಿಪ್ ಕೆ. ಡಿಕ್. ‘ಬ್ಲೇಡ್ ರನ್ನರ್’ ಸಿನಿಮಾಕ್ಕೆ ಮೂಲವಾದ ಕಾದಂಬರಿ ಬರೆದ ಡಿಕ್, ವಿಲಿಯಮ್ಸ್ ಅವರ ಆಪ್ತ ಗೆಳೆಯ. ‘ಮಿಸೋರಾ’ ಕೇಳಿ ಮೆಚ್ಚಿದ ಅವರು, 1981ರಲ್ಲಿ ಕಾನೆನೊಬು ಅವರ ಇಂಗ್ಲಿಷ್ ಹಾಡುಗಳ ಒಂದು ಸಿಂಗಲ್‌ಗೆ ತಾವೇ ಹಣ ಹಾಕಿದರು. ಪೂರ್ಣ ಆಲ್ಬಂ ತರುವ ಯೋಚನೆಯೂ ಇತ್ತು. ಆದರೆ 1982ರ ಮಾರ್ಚ್‌ನಲ್ಲಿ ಡಿಕ್ ತೀರಿಕೊಂಡರು, ಯೋಜನೆ ಅಲ್ಲಿಗೇ ನಿಂತಿತು. ಆದರೂ ಕಾನೆನೊಬು ಮತ್ತೆ ಸಂಗೀತ ಬಿಡಲಿಲ್ಲ. ಮುಂದಿನ ವರ್ಷಗಳಲ್ಲಿ ಸ್ವಂತ ತಂಡ ಕಟ್ಟಿಕೊಂಡು ಹಾಡಿದರು.

ಮರುಬಿಡುಗಡೆ

ಜಪಾನಿನಲ್ಲಿ ‘ಮಿಸೋರಾ’ಕ್ಕೆ ಮೆಚ್ಚುವವರ ಸಣ್ಣ ಬಳಗ ಸದಾ ಇತ್ತು. ಹೊರದೇಶಗಳಿಗೆ ಅದು ತಲುಪಿದ್ದು ಮಾತ್ರ ಬಹಳ ತಡವಾಗಿ. ಅಮೆರಿಕದ ‘ಲೈಟ್ ಇನ್ ದಿ ಅಟಿಕ್’ ಸಂಸ್ಥೆ 1969ರಿಂದ 1973ರವರೆಗಿನ ಜಪಾನಿ ಫೋಕ್ ಮತ್ತು ರಾಕ್ ಹಾಡುಗಳ ಸಂಕಲನವನ್ನು 2017ರಲ್ಲಿ ತಂದಾಗ, ಅದರಲ್ಲಿ ಕಾನೆನೊಬು ಅವರ ಹಾಡೂ ಸೇರಿತ್ತು. 2019ರಲ್ಲಿ ಅದೇ ಸಂಸ್ಥೆ ‘ಮಿಸೋರಾ’ವನ್ನು ಇಡಿಯಾಗಿ ಮರುಬಿಡುಗಡೆ ಮಾಡಿತು.

ಮೊದಲ ಬಿಡುಗಡೆಯ ಸಮಯದಲ್ಲಿ 24ರ ಹರೆಯದಲ್ಲಿದ್ದ ಗಾಯಕಿ, ಇಷ್ಟರಲ್ಲಿ 70 ದಾಟಿದ್ದರು. 1972ರಲ್ಲಿ ಊರವರೂ ಹೆಚ್ಚು ಕೇಳದೇ ಹೋದ ಹಾಡುಗಳನ್ನು, ಜಪಾನಿ ಭಾಷೆಯ ಒಂದು ಪದವೂ ಗೊತ್ತಿಲ್ಲದ ಕೇಳುಗರು 47 ವರ್ಷಗಳ ನಂತರ ಕೇಳತೊಡಗಿದರು.