ಪೀಪಾಯಿ ತುಂಬ ಶಾಯಿ, ಆಳೆತ್ತರದ ಕಾಗದ

‘ಲಿಟಲ್ ನೆಮೊ’ ಮೂಕಿ ಚಿತ್ರದ ದೃಶ್ಯಗಳು
ನ್ಯೂಯಾರ್ಕ್, 1911. 35 ಮಿ.ಮೀ. ಫಿಲ್ಮ್

ಪತ್ರಿಕಾ ವ್ಯಂಗ್ಯಚಿತ್ರಕಾರ ವಿನ್ಸರ್ ಮೆಕೇ ಮಾಡಿದ ಮೊದಲ ಆ್ಯನಿಮೇಷನ್ ಚಿತ್ರವಿದು. ತನ್ನದೇ ಜನಪ್ರಿಯ ಚಿತ್ರಕಥೆಯ ಪಾತ್ರಗಳನ್ನು ಆತ ಇಲ್ಲಿ ತೆರೆಯ ಮೇಲೆ ಕುಣಿಸಿದ. ನಟರಿರುವ ಭಾಗವನ್ನು ನಿರ್ದೇಶಿಸಿದವರು ವಿಟಾಗ್ರಾಫ್ ಸ್ಟುಡಿಯೊದ ಜೆ. ಸ್ಟುವರ್ಟ್ ಬ್ಲ್ಯಾಕ್‌ಟನ್.

ಕಥೆ ಶುರುವಾಗುವುದೇ ಪಂಥದಿಂದ. ಒಂದು ತಿಂಗಳಲ್ಲಿ 4,000 ಚಿತ್ರ ಬರೆದು ಅವು ಓಡಾಡುವಂತೆ ಮಾಡುತ್ತೇನೆ ಎನ್ನುತ್ತಾನೆ ಮೆಕೇ. ಗೆಳೆಯರು ಬಿದ್ದು ಬಿದ್ದು ನಗುತ್ತಾರೆ. ಮರುದೃಶ್ಯದಲ್ಲಿ ಆಳುಗಳು ಏದುಸಿರು ಬಿಡುತ್ತ ಕಾಗದದ ಭಾರೀ ಕಟ್ಟುಗಳನ್ನೂ ಶಾಯಿಯ ಪೀಪಾಯಿಗಳನ್ನೂ ಹೊತ್ತು ತರುತ್ತಾರೆ. ಕೆಲಸ ಒಂದು ಹದಕ್ಕೆ ಬಂತು ಎನ್ನುವಾಗ ಹುಡುಗನೊಬ್ಬ ಎಡವಟ್ಟು ಮಾಡಿ ಚಿತ್ರಗಳ ರಾಶಿಯನ್ನೇ ಉರುಳಿಸುತ್ತಾನೆ.

ಪೀಪಾಯಿ ತಮಾಷೆಗೆ, ದುಡಿಮೆ ಮಾತ್ರ ನಿಜ.

ಪ್ರತಿ ಚಲನೆಯ ಪ್ರತಿ ಹಂತವನ್ನೂ ಮೆಕೇ ತೆಳುವಾದ ರೈಸ್ ಪೇಪರ್ ಮೇಲೆ ಕೈಯಿಂದಲೇ ಬಿಡಿಸಿದ. ತೆರೆಯ ಮೇಲೆ ಚಿತ್ರ ಅಲುಗಾಡಬಾರದೆಂದು ಹಾಳೆಗಳಿಗೆ ಗುರುತು ಹಾಕಿ ಒಂದೇ ನೇರಕ್ಕೆ ಜೋಡಿಸಿದ. ಆಮೇಲೆ ಫಿಲ್ಮಿನ ಪುಟ್ಟ ಚೌಕಟ್ಟುಗಳಿಗೂ ಕೈಯಿಂದಲೇ ಬಣ್ಣ ತುಂಬಿದ.

ಗಮನಿಸಿ: ಚುಟ್ಟಾ ಸೇದುವ ಫ್ಲಿಪ್ ಎಂಬ ಪಾತ್ರದ ತಲೆಯ ಮೇಲೆ ‘ನಾನು ಚಲಿಸುವುದನ್ನು ನೋಡಿ’ ಎಂಬರ್ಥದ ಇಂಗ್ಲಿಷ್ ಬರಹವಿದೆ. ಅದರ ಬೆನ್ನಿಗೇ ಆ್ಯನಿಮೇಷನ್ ಶುರು.

2009ರಲ್ಲಿ ಈ ಚಿತ್ರ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ನೋಂದಣಿಗೆ ಸೇರಿತು.